ಆಯಮ್ಮ ಕೇಳಲು ಹೋದ ಕ್ಷಮೆ

ಆ ಆಸ್ಪತ್ರೆ ದೊಡ್ಡದೇನೂ ಅಲ್ಲ. ಕೆಳಗೆ ಔಷಧಿ ಅಂಗಡಿ, ಪಕ್ಕದಲ್ಲಿ ಸೈಕಲ್ ರಿಪೇರಿಯವನ ಗೂಡು, ಇವೆರಡರ ನಡುವೆ ಒಬ್ಬರು ಇಳಿಯುವಾಗ ಇನ್ನೊಬ್ಬರು ಗೋಡೆಗೆ ಅಂಟಿ ನಿಲ್ಲಬೇಕಾದಂಥ ಮೆಟ್ಟಿಲು. ಮೇಲೆ ಹೋದರೆ ಬೆಂಚು, ಬೆಂಚಿನಾಚೆ ಪರದೆ, ಪರದೆಯಾಚೆ ಡಾಕ್ಟರಮ್ಮನ ಮೇಜು. ಬಸಿರು ಬೇಡವಾದವರು ಬಂದು ತೆಗೆಸಿಕೊಂಡು ಹೋಗುವ ಜಾಗ ಅದು. ಬೀದಿಗೆಲ್ಲ ಗೊತ್ತಿತ್ತು, ಬಾಯಿ ಬಿಟ್ಟು ಹೇಳುವವರು ಮಾತ್ರ ಯಾರೂ ಇರಲಿಲ್ಲ. ದಾರಿ ಕೇಳಿದವರಿಗೆ ಸೈಕಲ್ಲಿನವನು ಪಂಪು ಹೊಡೆಯುವುದನ್ನೂ ನಿಲ್ಲಿಸದೆ ಗದ್ದ ಎತ್ತಿ ಮೇಲಕ್ಕೆ ತೋರಿಸಿಬಿಡುತ್ತಿದ್ದ.

ಆಯಮ್ಮ ತಲೆ ನರೆಯುವವರೆಗೂ ಅಲ್ಲಿ ದುಡಿದಳು. ನೆಲ ಒರೆಸುವುದು, ತಟ್ಟೆ ತೊಳೆಯುವುದು, ಬಟ್ಟೆ ಕುದಿಸುವುದು ಎಲ್ಲ ಅವಳದೇ. ಇವೆಲ್ಲಕ್ಕಿಂತ ಮೇಲಾದ ಇನ್ನೊಂದು ಕೆಲಸವೂ ಅವಳ ಪಾಲಿಗಿತ್ತು. ಮೇಜಿನ ಮೇಲೆ ಮಲಗಿದ ಹೆಂಗಸಿನ ಕಿವಿಯ ಹತ್ತಿರ ಬಗ್ಗಿ, ಕೊನೆಯದಾಗಿ ಒಂದು ಮಾತು ಕೇಳುವುದು. "ನಿನ್ನ ಇಷ್ಟದಿಂದ ತಾನೇ, ತಾಯಿ?" ಆ ಹೊತ್ತಿನಲ್ಲಿ ಗಂಡ, ಅತ್ತೆ, ಹೆತ್ತವರು ಯಾರೂ ಪರದೆ ದಾಟುವಂತಿರಲಿಲ್ಲ. ಡಾಕ್ಟರಮ್ಮನೂ ಆಚೆ ಹೋಗಿ ಕೈ ತೊಳೆಯುತ್ತ ನಿಲ್ಲುತ್ತಿದ್ದರು.

"ನನ್ನ ಮುಖ ನೋಡಿದ್ರೆ ಪೊಲೀಸರೇ ಹೆದರ್ತಾರೆ, ಇನ್ನು ಆ ಪಾಪದ ಹುಡುಗೀರು ಬಾಯಿ ಬಿಡ್ತಾರಾ? ನೀನೇ ಕೇಳು. ನಿನ್ನ ಮುಖ ಹಳೇ ದಿಂಬಿನ ಥರ ಇದೆ, ಒರಗಿಕೊಂಡು ಅಳಬಹುದು," ಎನ್ನುತ್ತಿದ್ದರು ಅವರು.

ಹೂಂ ಅಂದರೆ ಆಯಮ್ಮ ಪರದೆ ಸರಿಸಿ "ಒಪ್ಪಿದಾಳೆ" ಎನ್ನುವಳು. ಬೇಡ ಅಂದರೆ "ಇನ್ನೊಂದಿನ ಬರ್ತಾಳಂತೆ" ಎನ್ನುವಳು. ಡಾಕ್ಟರಮ್ಮ ಮರುಮಾತಿಲ್ಲದೆ ಕೈಗವಸು ಕಳಚಿ, ಹೊರಗಿದ್ದ ಮನೆಯವರಿಗೆ "ರಕ್ತದ ಒತ್ತಡ ಜಾಸ್ತಿ ಇದೆ, ಇವತ್ತಾಗಲ್ಲ" ಎಂದು ಗದರಿ ಕಳಿಸುತ್ತಿದ್ದರು.

ಅಲ್ಲಿ ಇನ್ನೊಂದು ಕಟ್ಟಳೆಯೂ ಇತ್ತು. ಮೆಟ್ಟಿಲಿಳಿದ ಮೇಲೆ ಆ ಹೆಂಗಸನ್ನು ಸಂತೆಯಲ್ಲೋ ಬಸ್ಸಿನಲ್ಲೋ ಕಂಡರೆ ಕಾಣದವರಂತೆ ಹೋಗಬೇಕು. ಆಕೆಯೇ ನಕ್ಕರೂ ನಗಬಾರದು. ಹೀಗೆ ಕುರುಡಾಗುವುದು ಆಯಮ್ಮನಿಗೆ ಎಷ್ಟು ರೂಢಿಯಾಗಿತ್ತೆಂದರೆ, ಒಮ್ಮೆ ಸ್ವಂತ ನಾದಿನಿಯನ್ನೇ ರಸ್ತೆಯಲ್ಲಿ ದಾಟಿಕೊಂಡು ಹೋಗಿ, ವಾರಗಟ್ಟಲೆ ಬೈಸಿಕೊಂಡಿದ್ದಳು.

ಹೀಗಿರುವಾಗ ಒಬ್ಬ ಹುಡುಗಿ ಬಂದಳು. ಮದುವೆಯಾಗಿರಲಿಲ್ಲ. ಜೊತೆಗೆ ಅವಳ ತಾಯಿ. ಆ ತಾಯಿ ಬೆಂಚಿನ ಮೇಲೆ ಕೂರಲಿಲ್ಲ, ಗೋಡೆಗೆ ಹಣೆಯೊತ್ತಿ ನಿಂತಳು. ಆಯಮ್ಮ ಬಟ್ಟೆ ತರಲು ಹೊರಗೆ ಬಂದಾಗ ಅವಳ ಎರಡೂ ಕೈ ಹಿಡಿದು, "ಇವತ್ತು ಆಗದಿದ್ರೆ ಇವಳ ಅಪ್ಪ ಇಬ್ಬರನ್ನೂ ಉಳಿಸಲ್ಲ ಅಕ್ಕಾ," ಎಂದಳು.

ಒಳಗೆ ಮಲಗಿದ್ದ ಹುಡುಗಿಯ ತೊಡೆಯ ಒಳಭಾಗದಲ್ಲಿ ಸುಟ್ಟ ಗಾಯದ ಹಳೆಯ ಕಲೆಯಿತ್ತು, ಎಲೆಯೊಂದನ್ನು ಒತ್ತಿಟ್ಟ ಹಾಗೆ. ಆಯಮ್ಮ ಹೊದಿಕೆ ಸರಿಮಾಡಿ, ಬಗ್ಗಿ, ಎಂದಿನ ಮಾತು ಕೇಳಿದಳು.

"ಬೇಡ ಆಯಮ್ಮ," ಎಂದಳು ಹುಡುಗಿ. "ನಂಗೆ ಬೇಕು ಇದು. ಅಮ್ಮಂಗೆ ಹೇಳ್ಬೇಡಿ. ಡಾಕ್ಟ್ರಿಗೆ ಮಾತ್ರ ಹೇಳಿ."

ಆಯಮ್ಮ ನೆಟ್ಟಗೆ ನಿಂತಳು. ಗೋಡೆಗೊತ್ತಿದ ಆ ಹಣೆ ಕಣ್ಣ ಮುಂದೆ ಬಂತು. ಹುಡುಗು ಬುದ್ಧಿ, ನಾಳೆ ಇವಳೇ ನನಗೆ ಕೈ ಮುಗಿಯುತ್ತಾಳೆ ಅಂದುಕೊಂಡಳು. ಬಟ್ಟೆಯ ರಾಶಿ ಇನ್ನೂ ಕುದಿಸುವುದಿತ್ತು, ಅದೂ ನೆನಪಾಯಿತು. ಅದನ್ನು ದೇವರ ಮುಂದೆ ಮುಚ್ಚಿಟ್ಟು ಏನು ಪ್ರಯೋಜನ? ಪರದೆ ಸರಿಸಿದಳು.

"ಒಪ್ಪಿದಾಳೆ," ಎಂದಳು.

ಹುಡುಗಿ ತಲೆಯೆತ್ತುವ ಮೊದಲೇ ಡಾಕ್ಟರಮ್ಮ ಮಂಪರಿನ ಸೂಜಿ ಚುಚ್ಚಿದ್ದರು. ಎಲ್ಲ ಮುಗಿದ ಮೇಲೆ ಅವಳು ಆ ಮಂಪರಿನಲ್ಲೇ ಕೇಳಿದಳು. "ನಾನು ಹೇಳಿದ್ದು ಡಾಕ್ಟ್ರಿಗೆ ಹೇಳಿದ್ರಾ?"

"ಚಹಾ ಕುಡಿ ಮಗಳೇ, ಬಿಸಿ ಇದೆ," ಎಂದಳು ಆಯಮ್ಮ.

ಅನಂತರ ನಲ್ಲಿಯ ಕೆಳಗೆ ತಟ್ಟೆ ಹಿಡಿದಳು. ಹೊಟ್ಟೆಯಿಂದ ಎಲ್ಲ ಬಂದಿದೆಯೋ ಇಲ್ಲವೋ ಎಂದು ನೋಡಿ ಹೇಳುವುದೂ ಅವಳ ಕೆಲಸವೇ. ಅದೆಷ್ಟು ಸಲ ನೋಡಿದ್ದಳೋ! ಆ ದಿನ ಮಾತ್ರ ಅದು ಕೆಲಸವಾಗಿ ಕಾಣಲಿಲ್ಲ. ಬೆರಳಿನ ಉಗುರಿನಷ್ಟು ಒಂದು ಕೈ. ಇದು ಬೇಕು ಎಂದು ಕೇಳಿದವಳೊಬ್ಬಳಿದ್ದಳು, ಕೇಳಿಸಿಕೊಂಡವಳು ನಾನೊಬ್ಬಳೇ. ನೀರು ಹರಿಯುತ್ತಲೇ ಇತ್ತು. ಡಾಕ್ಟರಮ್ಮ ಒಳಗಿನಿಂದ "ಟ್ಯಾಂಕ್ ಖಾಲಿ ಮಾಡ್ತೀಯೇನೇ?" ಎಂದು ಕೂಗುವವರೆಗೂ ಆಯಮ್ಮ ಅಲ್ಲಾಡಲಿಲ್ಲ.

ಮಾರನೆಯ ದಿನದಿಂದ ಆ ಒಂದು ಮಾತು ಅವಳ ಗಂಟಲಿನಿಂದ ಹೊರಡಲಿಲ್ಲ. ಬಗ್ಗುವಳು, ಬಾಯಿ ತೆರೆಯುವಳು, ದನಿ ಬಾರದು. ಕೆಲಸ ಬಿಟ್ಟಳು.

ಮೆಟ್ಟಿಲ ಕೆಳಗೆ, ರಸ್ತೆಯ ಆಚೆಬದಿ, ವಾರಕ್ಕೊಮ್ಮೆ ಒಂದು ಗುಂಪು ಬಂದು ನಿಲ್ಲುತ್ತಿತ್ತು. ಹುಟ್ಟದ ಮಕ್ಕಳ ಪರವಾಗಿ ಪ್ರಾರ್ಥನೆ ಮಾಡುವ ಸಂಘ. ಅದಕ್ಕೆ ಮೇಷ್ಟ್ರು ಯಜಮಾನರು. ಶಾಲೆಯಿಂದ ನಿವೃತ್ತರಾಗಿದ್ದರೂ ಗಂಟಲು ನಿವೃತ್ತವಾಗಿರಲಿಲ್ಲ. ಮೊದಲೆಲ್ಲ ಆಯಮ್ಮ ಅವರನ್ನು ಕಂಡರೆ ಮೂಗು ಮುರಿದು ಹೋಗುತ್ತಿದ್ದವಳು, ಈಗ ರಸ್ತೆ ದಾಟಿ ಅವರ ನಡುವೆ ನಿಂತಳು. ಮೇಷ್ಟ್ರು ಮೈಕು ಕೊಟ್ಟರು. ಆಯಮ್ಮ ಅಳುತ್ತ ಎಲ್ಲ ಹೇಳಿದಳು. ಕೇಳಿದವರು ಅವಳಿಗೆ "ಸಾಕ್ಷಿ ಆಯಮ್ಮ" ಎಂದು ಹೆಸರಿಟ್ಟರು.

ಅವಳ ನಂಬಿಕೆಯಲ್ಲಿ ಕಪಟವಿರಲಿಲ್ಲ. ಹೊಟ್ಟೆಯಲ್ಲಿರುವುದು ದೇವರ ಒಡವೆ, ಮುಟ್ಟಬಾರದು ಎಂಬುದು ಅವಳ ಎದೆಯಲ್ಲಿ ಕಲ್ಲಿನಂತೆ ಕೂತಿತ್ತು. ಅವಳ ಮಾತು ಕೇಳಿ ಹೂ ಮಾರುವವಳೊಬ್ಬಳು ಮೆಟ್ಟಿಲಿನಿಂದ ಹಿಂದಿರುಗಿದ್ದಳು; ಅವಳ ಕೂಸನ್ನು ಆಯಮ್ಮನೇ ನೀರೆರೆದು ಬೆಳೆಸಿದಳು. ಆ ಕೂಸು ಅವಳ ಮೂಗು ಹಿಡಿದೆಳೆದು ನಕ್ಕಾಗ, ಇದಕ್ಕಾಗಿಯಾದರೂ ನಾನು ಬದುಕಿರಬೇಕು ಅನ್ನಿಸುತ್ತಿತ್ತು. ಆದರೆ ಮನೆಗೆ ಬಂದು ದೀಪದ ಮುಂದೆ ಕೂತರೆ ಮತ್ತೆ ಅದೇ ಮಂಪರಿನ ದನಿ. ಡಾಕ್ಟ್ರಿಗೆ ಹೇಳಿದ್ರಾ?

"ದೇವರು ನಿಮ್ಮನ್ನ ಯಾವಾಗಲೋ ಕ್ಷಮಿಸಿಬಿಟ್ಟಿದ್ದಾನೆ," ಎನ್ನುತ್ತಿದ್ದರು ಮೇಷ್ಟ್ರು.

"ಅವನು ದೊಡ್ಡವನು, ಕ್ಷಮಿಸ್ತಾನೆ. ಆ ಹುಡುಗಿ ಕ್ಷಮಿಸಬೇಕಲ್ಲ ಮೇಷ್ಟ್ರೇ. ಅವಳ ಬಾಯಿಂದ ಒಂದು ಮಾತು ಬಂದ್ರೆ ಸಾಕು, ನೆಮ್ಮದಿಯಾಗಿ ಸಾಯ್ತೀನಿ."

"ಹುಡುಕಿ ಮತ್ತೆ! ಅವಳೂ ನೀವೂ ಒಂದೇ ವೇದಿಕೆ ಮೇಲೆ ನಿಂತ್ರೆ, ಕಲ್ಲೂ ಕರಗುತ್ತೆ."

ಈ ಮಾತು ಹೇಗೋ ಡಾಕ್ಟರಮ್ಮನ ಕಿವಿಗೆ ಬಿತ್ತು. ಒಂದು ದಿನ ರಸ್ತೆ ದಾಟಿ ಬಂದು, ಎಲ್ಲರೆದುರು ಆಯಮ್ಮನನ್ನು ಪಕ್ಕಕ್ಕೆ ಕರೆದರು.

"ನನ್ನನ್ನ ಕೊಲೆಗಾತಿ ಅನ್ನು, ರಾಕ್ಷಸಿ ಅನ್ನು. ಮೈಕಿಗೆ ಬ್ಯಾಟರಿ ಬೇಕಾದ್ರೂ ನಾನೇ ಕೊಡಿಸ್ತೀನಿ. ಆದ್ರೆ ಆ ಹೆಂಗಸರ ಮನೆ ಬಾಗಿಲು ತಟ್ಟಬೇಡ ಕಣೇ. ಕಂಡರೂ ಕಾಣದ ಹಾಗೆ ಹೋಗೋದು, ನಮ್ಮಲ್ಲಿ ಇದ್ದದ್ದು ಅದೊಂದೇ ಕರುಣೆ."

"ಅದು ಕರುಣೆಯಲ್ಲ ಡಾಕ್ಟ್ರೇ, ಪಾಪ ಮುಚ್ಚಿಡೋ ಚಾಪೆ," ಎಂದಳು ಆಯಮ್ಮ. ಆ ವಾಕ್ಯ ಮೇಷ್ಟ್ರದ್ದು. ಈಗ ಅವಳ ಬಾಯಲ್ಲೂ ಸಲೀಸಾಗಿ ಬರುತ್ತಿತ್ತು.

ಸಂಘದವರು ಕರಪತ್ರ ಹಂಚಲು ಬೇರೆ ಬೇರೆ ಬಡಾವಣೆಗಳಿಗೆ ಹೋಗುತ್ತಿದ್ದರು. ಕೆಲವು ವರ್ಷಗಳು ಕಳೆದ ಮೇಲೆ, ಒಂದು ಮಧ್ಯಾಹ್ನ ಆಯಮ್ಮ ಒಬ್ಬಳೇ ಒಂದು ಓಣಿಯ ಮನೆಮನೆಗೆ ಕೊಡುತ್ತ ಬರುತ್ತಿದ್ದಳು. ಒಂದು ಬಾಗಿಲಲ್ಲಿ ಬೆಳಕಿಗೆ ಮುಖ ಮಾಡಿ ಒಬ್ಬಳು ಹೊಲಿಗೆ ಯಂತ್ರ ತುಳಿಯುತ್ತಿದ್ದಳು. ಕಾಲ ಬಳಿ ಚಿಂದಿಗಳ ನಡುವೆ ಪುಟ್ಟ ಹೆಣ್ಣುಮಗು. ಹೊಲಿಗೆಯವಳು ತಲೆಯೆತ್ತಿದಳು.

ಅವಳೇ. ಮೈ ತುಂಬಿಕೊಂಡಿದ್ದಳು, ಕಣ್ಣು ಅವೇ.

ಹಳೆಯ ರೂಢಿ ಆಯಮ್ಮನ ಕತ್ತನ್ನು ತಾನಾಗಿಯೇ ಆಚೆ ತಿರುಗಿಸಿತು. ಮುಂದಿನ ಮನೆಗೂ ಹೋಗಿಬಿಟ್ಟಳು. ಅಲ್ಲಿ ನಿಂತು ಯೋಚಿಸಿದಳು: ದೇವರೇ ಕೈ ಹಿಡಿದು ತಂದು ತೋರಿಸಿದ್ದಾನೆ, ಇನ್ನೂ ಮುಖ ತಿರುಗಿಸುತ್ತೀಯಾ? ಹಿಂದೆ ಬಂದಳು. ಹೊಸ್ತಿಲಲ್ಲೇ ಕುಸಿದು ಕೂತು, ಯಂತ್ರದ ಪೆಡಲಿನ ಮೇಲಿದ್ದ ಆ ಪಾದಗಳನ್ನು ಹಿಡಿದುಕೊಂಡಳು.

"ಕ್ಷಮಿಸು ತಾಯಿ. ನೀನು ಬೇಡ ಅಂದೆ. ನಾನೇ ಒಪ್ಪಿದಾಳೆ ಅಂದೆ."

ಹೊಲಿಗೆಯವಳು ಒಂದು ಸಲ ಮನೆಯೊಳಗೆ ನೋಡಿದಳು. "ಯಾರಮ್ಮಾ ನೀವು? ಮನೆ ತಪ್ಪಿದೀರಿ."

"ಯಾರೇ ಅದು?" ಒಳಗಿನಿಂದ ಅತ್ತೆಯ ದನಿ.

"ಯಾರೋ ಚೀಟಿ ಹಂಚೋರು ಅತ್ತೆ," ಎಂದು ಕೂಗಿ, ಬಗ್ಗಿ, ಹಲ್ಲು ಕಚ್ಚಿ ಪಿಸುಗುಟ್ಟಿದಳು. "ಹೋಗಿ. ನಿಮ್ಮ ಕಾಲಿಗೆ ಬೀಳ್ತೀನಿ, ಎದ್ದು ಹೋಗಿ."

ಆಯಮ್ಮನಿಗೆ ಇಷ್ಟೇ ಕೇಳಿಸಿತು: ಇವಳು ಇನ್ನೂ ನನ್ನನ್ನು ನಂಬುತ್ತಿಲ್ಲ. ಕಣ್ಣೀರಿನಲ್ಲಿ ದನಿ ಏರಿತು.

"ಮರೆತೆಯಾ ಮಗಳೇ? ಮೆಟ್ಟಿಲ ಮೇಲಿನ ಆಸ್ಪತ್ರೆ. ನಿನ್ನಮ್ಮ ಗೋಡೆಗೆ ಹಣೆ ಹಚ್ಚಿ ನಿಂತಿದ್ರು. ನಿನ್ನ ಮೊದಲನೇ ಮಗು... ನಿನ್ನ ತೊಡೆ ಒಳಗೆ ಎಲೆ ಥರ ಸುಟ್ಟ ಕಲೆ ಇದೆಯಲ್ಲ, ನಾನೇ ಹೊದಿಸಿದ್ದು!"

ಯಂತ್ರದ ಚಕ್ರ ಇನ್ನೊಂದು ಸುತ್ತು ತಿರುಗಿ ನಿಂತಿತು. ಅತ್ತೆ ಬಾಗಿಲಿಗೆ ಬಂದಿದ್ದಳು. ಬಾಣಂತನದಲ್ಲಿ ಸೊಸೆಗೆ ನೀರೆರೆದವಳು ಅವಳೇ. ಆ ಕಲೆ ಅವಳಿಗೂ ಗೊತ್ತು. ಅವಳು ಕೂಗಾಡಲಿಲ್ಲ. ಚಿಂದಿಗಳ ನಡುವಿನಿಂದ ಮೊಮ್ಮಗಳನ್ನು ಎತ್ತಿಕೊಂಡು, ಸೊಸೆಯನ್ನು ಮುಟ್ಟದಂತೆ ಸೆರಗು ಸರಿಸಿಕೊಂಡು ಒಳಗೆ ಹೋದಳು.

ಹೊಲಿಗೆಯವಳನ್ನು ಅಂದೇ ಹೊರಗೆ ಹಾಕಿದರು. ಹೆತ್ತ ತಾಯಿ ತೀರಿಹೋಗಿದ್ದಳು. ತಂದೆಯ ಮನೆಯ ಬಾಗಿಲು ಬಡಿಯುವಂತಿರಲಿಲ್ಲ. ಗೆಳತಿಯೊಬ್ಬಳ ಅಂಗಡಿಯ ಹಿಂಭಾಗದಲ್ಲಿ ಮಲಗುತ್ತಿದ್ದಳು. ಮಗು ಅತ್ತೆಯ ಹತ್ತಿರ.

ಒಂದು ಬೆಳಿಗ್ಗೆ ಅವಳೂ ಅವಳ ಗಂಡನೂ ಆಯಮ್ಮನ ಕೋಣೆಗೆ ಬಂದರು. ಗಂಡ ಬಸ್ ಕಂಡಕ್ಟರ್, ಖಾಕಿಯಲ್ಲೇ ಬಂದಿದ್ದ. ಕೂರಲಿಲ್ಲ.

"ನೋಡಿ ಅಮ್ಮಾ, ನಂಗೆ ಹಳೇದು ಬೇಡ. ನಂಗೆ ಹೆಂಡ್ತಿ ಬೇಕು. ಮಗು ಊಟ ಬಿಟ್ಟಿದೆ. ನಮ್ಮಮ್ಮಂಗೂ ಸಾಕಾಗಿದೆ. ಆದ್ರೆ ಓಣಿಯೆಲ್ಲ ಕೇಳಿಸಿಕೊಂಡಿದೆ, ಮುಖ ಉಳಿಸ್ಕೊಳ್ಳೋಕೆ ಏನಾದ್ರೂ ಬೇಕಲ್ಲ. ನೀವು ಬಂದು, ನಾನು ಆಳು ತಪ್ಪಿ ಹೇಳ್ದೆ ಅನ್ನಿ. ಅಷ್ಟೇ."

"ಕಲೆ?" ಎಂದಳು ಆಯಮ್ಮ.

"ಚಿಕ್ಕವಳಿದ್ದಾಗ ಬಿಸಿನೀರು ಬಿದ್ದಿದ್ದು ಅದು. ಆಗ ನೀವೇ ಪಟ್ಟಿ ಕಟ್ಟಿದ್ರಿ ಅನ್ನಿ. ವಯಸ್ಸಾಯ್ತು, ಇವಳನ್ನೂ ಇನ್ಯಾರನ್ನೋ ಕಲಸಿಬಿಟ್ಟೆ ಅನ್ನಿ." ಎಲ್ಲ ಹೊಂದಿಸಿಕೊಂಡೇ ಬಂದಿದ್ದ.

ಹೊಲಿಗೆಯವಳು ಬಾಗಿಲ ಕಡೆ ನೋಡುತ್ತಿದ್ದಳು.

"ಹಾಗೆ ಹೇಳಿದ್ರೆ ನನ್ನ ಕ್ಷಮಿಸ್ತೀಯಾ?" ಎಂದು ಆಯಮ್ಮ ಕೇಳಿಯೇಬಿಟ್ಟಳು.

ಕಂಡಕ್ಟರ್ ಗಂಡ ನಗಲೂ ಆಗದೆ ಸಿಟ್ಟಾಗಲೂ ಆಗದೆ ಸೂರು ನೋಡಿದ. ಹೊಲಿಗೆಯವಳು ಮೊದಲ ಸಲ ಅವಳತ್ತ ತಿರುಗಿದಳು.

"ನನ್ನ ಮಗು ನನ್ನ ಮಡಿಲಿಗೆ ಬಂದ ದಿನ ಕೇಳಿ. ಹೇಳ್ತೀನಿ."

ಮೇಷ್ಟ್ರು ಇದನ್ನು ಕೇಳಿ ಎದೆಗೆ ಕೈಯಿಟ್ಟುಕೊಂಡರು. "ಸುಳ್ಳು ಹೇಳಿದ್ರೆ ನಿಮ್ಮ ಸಾಕ್ಷಿಯೇ ಸುಳ್ಳಾಗುತ್ತಲ್ಲ ಆಯಮ್ಮ! ಆಸ್ಪತ್ರೆಯವರು ಕುಣಿದಾಡ್ತಾರೆ." ಆಯಮ್ಮ ಮೈಕನ್ನು ಅವರ ಕೈಗಿತ್ತು ಬಂದಳು. ಸುಳ್ಳಿನ ಪಾಪ ನನಗಿರಲಿ, ಆ ಮಗು ತಾಯಿಯನ್ನು ಸೇರಲಿ ಎಂದು ದಾರಿಯುದ್ದಕ್ಕೂ ದೇವರಿಗೆ ಹೇಳಿಕೊಂಡಳು. ಮನಸ್ಸು ಹಗುರಾಗಿತ್ತು.

ಓಣಿಯವರು ಬಾಗಿಲ ಸುತ್ತ ಸೇರಿದ್ದರು. ಅತ್ತೆ ಚಾಪೆ ಹಾಸಿದಳು.

"ಕೂತ್ಕೊಳ್ಳಿ. ಬೀದೀಲಿ ಮೈಕ್ ಹಿಡಿದು ಸತ್ಯ ಹೇಳೋರಂತೆ ನೀವು. ನಮ್ಮನೇಲೂ ಒಂಚೂರು ಹೇಳಿ."

ಆಯಮ್ಮ ಹೇಳಿಕೊಟ್ಟಿದ್ದನ್ನೆಲ್ಲ ಹೇಳಿದಳು. ಬಿಸಿನೀರು, ಪಟ್ಟಿ, ಅರಚಾಡುತ್ತಿದ್ದ ಪುಟ್ಟ ಹುಡುಗಿ. ಇನ್ನೊಂದಿಷ್ಟು ತಾನೇ ಸೇರಿಸಿದಳು. "ಮುದುಕಿಯಾದೆನಮ್ಮ. ಕಲೆ ಇವಳದು ನೆನಪಿತ್ತು, ಕಥೆ ಇನ್ಯಾರದೋ. ತಲೇಲಿ ಎರಡೂ ಕಲಸಿ ಹೋಯ್ತು. ಬಾಯಿಗೆ ಹುಳ ಬೀಳ್ಲಿ ನಂದು."

ಓಣಿಯ ಹೆಂಗಸೊಬ್ಬಳು "ನಮ್ಮತ್ತೇನೂ ಹೀಗೇ, ನನ್ನನ್ನೇ ಮೈದುನನ ಹೆಂಡ್ತಿ ಅಂದ್ಕೊಂಡು ಬೈತಾರೆ," ಎಂದಳು. ನಾಲ್ಕು ಜನ ನಕ್ಕರು. ಅತ್ತೆಯ ಮುಖದ ಗಂಟೂ ಸಡಿಲವಾಯಿತು. ಅವಳಿಗೂ ನಂಬಬೇಕಾಗಿತ್ತು, ಮಗುವನ್ನು ಸಮಾಧಾನ ಮಾಡಿ ಮಾಡಿ ಅವಳ ಕಣ್ಣು ಗುಳಿ ಬಿದ್ದಿದ್ದವು. ಹೊಸ್ತಿಲಾಚೆ ನಿಂತಿದ್ದ ಸೊಸೆಗೆ "ಬಿಸಿಲಲ್ಲಿ ಯಾಕೆ ನಿಂತಿದೀಯ, ನೆರಳಿಗೆ ಬಾ," ಎಂದಳು. ಕಂಡಕ್ಟರ್ ಟೋಪಿ ತೆಗೆದು ಬೆವರು ಒರೆಸಿಕೊಂಡ.

"ಇನ್ನೊಂದೇ," ಎಂದಳು ಅತ್ತೆ. "ನಾಳೆ ಯಾರೂ ನನ್ನ ಸೊಸೆಯನ್ನ ಅನ್ನಬಾರದು ನೋಡಿ. ಪುಟ್ಟೀ, ಬಾ ಇಲ್ಲಿ. ಈ ಅಜ್ಜಿ ಹತ್ರ ನಿಂತ್ಕೋ. ಇವಳ ತಲೆ ಮೇಲೆ ಕೈಯಿಟ್ಟು, ಹೇಳಿದ್ದು ನಿಜ ಅಂದ್ಬಿಡಿ. ಮುಗೀತು."

ಮಗು ಬಂದು ಆಯಮ್ಮನ ಮಂಡಿಗೆ ಒರಗಿ ನಿಂತಿತು. ಆಟವೇನೋ ಅಂದುಕೊಂಡು ತಾನಾಗಿಯೇ ತಲೆ ಬಗ್ಗಿಸಿತು. ಎಣ್ಣೆ ಹಚ್ಚಿ ಬಾಚಿದ ಕೂದಲು, ನಡುವೆ ಬಿಳಿಯ ಬೈತಲೆ. ಆಯಮ್ಮ ಕೈ ಎತ್ತಿದಳು.

ಆ ಬೈತಲೆ ಕಂಡದ್ದೇ ಎತ್ತಿದ ಕೈ ಅಲ್ಲೇ ನಿಂತಿತು. ಸುಳ್ಳು ಆಣೆ ಯಾರ ತಲೆಯ ಮೇಲಿಡುತ್ತೇವೋ ಅವರನ್ನು ಕೊಲ್ಲುತ್ತದೆ ಎಂದು ಅವಳು ನಂಬಿದ್ದಳು. ಎಷ್ಟು ನಂಬಿದ್ದಳೆಂದರೆ, ಈ ಕೈ ಇಳಿದರೆ ನಾಳೆ ಈ ಮಗುವಿಗೆ ಜ್ವರ ಬರುವುದು, ನಾಡಿದ್ದು ಇಲ್ಲವಾಗುವುದು ಅವಳಿಗೆ ಕಣ್ಣಿಗೆ ಕಟ್ಟಿದಂತೆ ಕಂಡಿತು. ಇವಳ ಹೊಟ್ಟೆಯದೊಂದನ್ನು ಆಗಲೇ ತೆಗೆಸಿದ್ದೇನೆ. ಇನ್ನೊಂದನ್ನೂ?

"ಹೇಳಿ," ಎಂದಳು ಹೊಲಿಗೆಯವಳು.

ಆಯಮ್ಮನ ತುಟಿ ಅಲ್ಲಾಡಿತು.

"ಹೇಳಿ ಆಯಮ್ಮ. ದಮ್ಮಯ್ಯ."

"ಮಗು ಮೇಲೆ ಬೇಡ," ಎಂದಳು ಆಯಮ್ಮ. "ನನ್ನ ಕಣ್ಣಾಣೆ ಅಂತೀನಿ. ನನ್ನ ಗಂಡನ ಆತ್ಮದಾಣೆ. ದೇವರಾಣೆ. ಬೇಕಾದ್ರೆ ಬೆಂಕಿ ಹಿಡೀತೀನಿ. ಮಗು ಮೇಲೆ ಮಾತ್ರ ಬೇಡ ಕಣಮ್ಮ."

ಅತ್ತೆ ಮಗುವಿನ ತಲೆಗೆ ತಾಗದೆ ನಿಂತ ಆ ಕೈಯನ್ನು ನೋಡಿದಳು.

"ನಿಜವೇ ಆದ್ರೆ ಮಗು ಮೇಲೆ ಯಾಕೆ ಬೇಡ?"

ಬಾಗಿಲಲ್ಲಿದ್ದವರು ಒಬ್ಬೊಬ್ಬರಾಗಿ ನೆಲ ನೋಡಿದರು. ಅತ್ತೆ ಎದ್ದು ಮಗುವನ್ನು ಎತ್ತಿಕೊಂಡಳು. "ಪಾಪ, ಒಳ್ಳೆಯವರು ನೀವು," ಎಂದಳು ಆಯಮ್ಮನಿಗೆ. ಆ ಮಾತಿನಲ್ಲಿ ಕೊಂಕು ಇರಲಿಲ್ಲ. ಅದಕ್ಕೇ ಅದು ಚೂರಿಯಂತೆ ಇಳಿಯಿತು. ಒಳಬಾಗಿಲು ಮುಚ್ಚಿಕೊಂಡಿತು.

ಕಂಡಕ್ಟರ್ ತಲೆ ಹಿಡಿದುಕೊಂಡು ಜಗಲಿಯ ಮೇಲೆ ಕೂತ. ಒಳಗಿನಿಂದ ತಾಯಿ ಏನೋ ಅಂದಳು. ಅವನು ಎದ್ದು ಹೆಂಡತಿಯ ಬಟ್ಟೆಯ ಗಂಟನ್ನು ತಂದಿಟ್ಟ, ಆಮೇಲೆ ಹೊಲಿಗೆ ಯಂತ್ರವನ್ನು ಎಳೆದು ತಂದು ಬೀದಿಗಿಟ್ಟ. ಹೆಂಡತಿಯ ಮುಖ ನೋಡಲಿಲ್ಲ. "ನಂಗೆ ಡ್ಯೂಟಿಗೆ ಹೊತ್ತಾಯ್ತು," ಎಂದು ಗೋಡೆಗೆ ಹೇಳಿ ಹೊರಟುಹೋದ. ಓಣಿ ಖಾಲಿಯಾಯಿತು.

ಹೊಲಿಗೆಯವಳು ಗಂಟನ್ನು ಹೆಗಲಿಗೆ ಹಾಕಿಕೊಂಡು ಯಂತ್ರದ ಒಂದು ಬದಿ ಹಿಡಿದಳು. ಎರಕದ ಕಬ್ಬಿಣದ ಕಾಲು, ಒಬ್ಬರ ಕೈಲಿ ಆಗುವಂಥದ್ದಲ್ಲ. ಆಯಮ್ಮ ಹೋಗಿ ಇನ್ನೊಂದು ಬದಿ ಹಿಡಿದಳು. ಅವಳು ಬೇಡವೆನ್ನಲಿಲ್ಲ. ಹಿಡಿಯಲು ಬೇರೆ ಯಾರೂ ಇರಲಿಲ್ಲ.

ಸ್ವಲ್ಪ ದೂರ ಹೋಗುವಷ್ಟರಲ್ಲಿ ಹಿಂದಿನ ಕಿಟಕಿಯಿಂದ ಮಗುವಿನ ಕೂಗು ಕೇಳಿಸಿತು. ಅಮ್ಮಾ ಎಂದು ಒಂದೇ ಸಮನೆ, ನಡುವೆ ಉಸಿರಿಗಾಗಿ ನಿಂತು ಮತ್ತೆ. ಹೊಲಿಗೆಯವಳ ಎರಡೂ ಕೈಯಲ್ಲಿ ಯಂತ್ರವಿತ್ತು. ಕಿವಿ ಮುಚ್ಚಿಕೊಳ್ಳುವಂತಿರಲಿಲ್ಲ.

ಓಣಿಯ ತಿರುವಿನಲ್ಲಿ ಆಯಮ್ಮನ ಬೆರಳು ಸೋತು ಯಂತ್ರ ನೆಲಕ್ಕೆ ತಗುಲಿತು. ಇಬ್ಬರೂ ನಿಂತರು. ಈ ಹೊತ್ತಿನಲ್ಲಿ ಕೇಳಬಾರದೆಂದು ಆಯಮ್ಮನಿಗೆ ಗೊತ್ತಿತ್ತು. ಗೊತ್ತಿದ್ದೂ ಅವಳ ಬಾಯಿ ತಡೆಯಲಿಲ್ಲ.

"ಮಗು ಉಳೀತಲ್ಲ ತಾಯಿ. ಅದಕ್ಕೇ ಹಾಗೆ ಮಾಡ್ದೆ. ಕ್ಷಮಿಸ್ತೀಯಲ್ಲ?"

ಹೊಲಿಗೆಯವಳು ಜಾರಿದ ಗಂಟನ್ನು ಸರಿಮಾಡಿಕೊಂಡಳು. ಬಗ್ಗಿ ತನ್ನ ಬದಿಯನ್ನು ಹಿಡಿದಳು.

"ಎತ್ತಿ," ಎಂದಳು.